ಐದನೆಯ ಹೊರಳು

ಹಲ್ ಊರಿನ ಹಳೆಯ ಮೀನು ಹೊಗೆಮನೆಯಲ್ಲಿ
ಒಂದು ಮಂಚ, ಒಂದು ಕ್ಯಾಮೆರಾ, ನಾನು ಹೊತ್ತು ತಂದ ತಂತಿಗಳು.
ನೂರು ವರ್ಷದ ಹೊಗೆ ಇನ್ನೂ ಗೋಡೆ ಬಿಟ್ಟಿಲ್ಲ,
ಕೈಯಿಟ್ಟರೆ ಮಸಿ, ಮೂಸಿದರೆ ಮೀನು.
ಹೆಸ್ಟರ್ ಥ್ವೇಟ್‌ಗೆ ಅದೇ ಬೇಕಿತ್ತಂತೆ:
ಮೊದಲೇ ಕತ್ತಲಾಗಿರುವ ಕೋಣೆ.

ಆಸ್ಪತ್ರೆಯಲ್ಲಿ ನನ್ನ ಕೆಲಸ ಪರರ ನಿದ್ದೆ ಕಾಯುವುದು.
ಹಣೆಗೆ, ಗದ್ದಕ್ಕೆ, ಕಣ್ಣಿನ ಎರಡೂ ತುದಿಗೆ
ಅಂಟು ಹಚ್ಚಿ ತಂತಿ ಇಡುತ್ತೇನೆ,
ಬೆಳಗಿನವರೆಗೆ ಗೆರೆ ಓದುತ್ತೇನೆ.
ಈ ಸಿನಿಮಾಕ್ಕೆ ಬಂದದ್ದು ರಜೆಯ ರಾತ್ರಿ,
ಅರವತ್ತು ಪೌಂಡಿಗೆ.

ಮಲಗುವವನು ವಿಲ್ಫ್ ಟೆಸಿಮನ್, ಎಪ್ಪತ್ತೊಂಬತ್ತು.
ಮೀನುಹಡಗಿನಲ್ಲಿ ಹದಿನಾರು ಚಳಿಗಾಲ ಕಳೆದು
ಒಂದು ಬೆರಳು ರಾಟೆಗೆ ಕೊಟ್ಟು ಬಂದವನು.
ಕನಸಿನೊಳಗೆ ಎಚ್ಚರಾಗುವುದನ್ನು ಅವನಿಗೆ ಯಾರೂ ಕಲಿಸಿದ್ದಲ್ಲ.
"ಕೈ ನೋಡಿಕೊಳ್ಳುತ್ತೇನೆ. ನಾಲ್ಕಿದ್ದರೆ ಎದ್ದಿದ್ದೇನೆ,
ಐದಿದ್ದರೆ ಮಲಗಿದ್ದೇನೆ."
ಹೆಸ್ಟರಳ ಬಳಿ ಬೇರೆ ಪರೀಕ್ಷೆಗಳಿದ್ದವು:
ಗಡಿಯಾರ ಎರಡು ಸಲ ನೋಡು, ಕನಸಾದರೆ ಹೊತ್ತು ಬದಲಾಗಿರುತ್ತದೆ.
ಸ್ವಿಚ್ ಒತ್ತು, ಕನಸಾದರೆ ದೀಪ ಹತ್ತುವುದಿಲ್ಲ.
ವಿಲ್ಫ್ ನಕ್ಕ. ನಮ್ಮ ಹಡಗಿನಲ್ಲಿ ಎಚ್ಚರವಿದ್ದಾಗಲೂ ಹತ್ತುತ್ತಿರಲಿಲ್ಲ.

ನಿಮ್ಮ ಭಾಷೆಯಲ್ಲಿ ಕನಸನ್ನು ಏನು ಮಾಡುತ್ತೀರಿ, ಅವಳು ಕೇಳಿದಳು.
ಏನೂ ಮಾಡುವುದಿಲ್ಲ. ಅದು ಬೀಳುತ್ತದೆ.
ಎಲ್ಲಿಂದ?
ತಂತಿಯ ಸಿಕ್ಕು ಬಿಡಿಸುತ್ತಿದ್ದೆ, ಉತ್ತರ ಹೊಳೆಯಲಿಲ್ಲ.
ಹಲ್ಲಿ ಬಿದ್ದರೆ ಮೈಮೇಲೆ ಎಲ್ಲಿ ಬಿತ್ತೆಂದು ಪಂಚಾಂಗ ತೆಗೆಯುತ್ತೇವೆ,
ಎಲ್ಲಿಂದ ಬಿತ್ತೆಂದು ಯಾರು ಕೇಳಿದ್ದಾರೆ?

ಒಪ್ಪಂದ ಇಷ್ಟು. ಒಳಗೆ ಎಚ್ಚರಾದೊಡನೆ ವಿಲ್ಫ್ ಕಣ್ಣು ಹೊರಳಿಸಬೇಕು,
ಎಡಕ್ಕೆ ಬಲಕ್ಕೆ ಎಡಕ್ಕೆ ಬಲಕ್ಕೆ.
ಗೆರೆ ಎದ್ದರೆ ನಾನು ಕೈ ಎತ್ತಬೇಕು,
ಕೈ ಕಂಡರೆ ಹೆಸ್ಟರ್ ಕ್ಯಾಮೆರಾ ಚಾಲು ಮಾಡಬೇಕು.

ನಾಲ್ಕೂವರೆಗೆ ಬಂತು.
ಗೆರೆಯ ಮೇಲೆ ನಾಲ್ಕು ಗುಡ್ಡ,
ಬಾವಿಯ ತಳದಿಂದ ಯಾರೋ ಹಗ್ಗ ಜಗ್ಗಿದ ಹಾಗೆ.
ಮೈಯೆಲ್ಲ ಕೊರಡು, ರೆಪ್ಪೆಯ ಕೆಳಗೆ ಮಾತ್ರ ಮನುಷ್ಯ.
ಕೈ ಎತ್ತಿದೆ. ಕ್ಯಾಮೆರಾ ಹೊಲಿಗೆ ಯಂತ್ರದಂತೆ ಶುರುವಾಯಿತು.

ಆರು ನಿಮಿಷದ ಮೇಲೆ ಮತ್ತೆ.
ಈ ಸಲ ಐದು.
ಐದು ಒಪ್ಪಂದದಲ್ಲಿ ಇರಲಿಲ್ಲ.
ಎತ್ತಹೋದ ಕೈ ಅರ್ಧಕ್ಕೇ ನಿಂತಿತು.

ಎದ್ದು ಚಹಾ ಕುಡಿಯುತ್ತ ಹೇಳಿದ:
ಕಡಲಿತ್ತು, ಚಳಿಯಿರಲಿಲ್ಲ. ಹಾರಬಹುದಿತ್ತು, ಹಾರಲಿಲ್ಲ.
ಒಂದು ಸಿಗರೇಟು ಸೇದಿದೆ. ಬಿಟ್ಟು ಹತ್ತೊಂಬತ್ತು ವರ್ಷ,
ಡಾಕ್ಟರು ಅಲ್ಲಿಗೆ ಬರುವುದಿಲ್ಲವಲ್ಲ.
ಐದರ ವಿಷಯ ಕೇಳಿದೆವು.
ಲೋಟ ಕೆಳಗಿಟ್ಟ.
"ನಾಲ್ಕು ನನ್ನದು. ಅದು ನನ್ನದಲ್ಲ."

ಚಿತ್ರ ಹನ್ನೊಂದು ನಿಮಿಷದ್ದು. ಮಾರ್ಚಿನಲ್ಲಿ ಅದೇ ಹೊಗೆಮನೆಯಲ್ಲಿ,
ಬಿಳಿ ದುಪ್ಪಟಿಯ ಮೇಲೆ, ಇಪ್ಪತ್ತಮೂರು ಜನಕ್ಕೆ.
ಬರೀ ರೆಪ್ಪೆ. ಗೋಡೆಯಗಲದ ರೆಪ್ಪೆ, ಅದರ ನೀಲಿ ನರ,
ಚರ್ಮದಡಿ ದಿಕ್ಕು ಹುಡುಕುವ ಗುಡ್ಡೆ.
ವಿಲ್ಫ್ ಮುಂದಿನ ಸಾಲಿನಲ್ಲಿ ಕೂತು
ತನ್ನ ನಿದ್ದೆ ನೋಡುತ್ತ ನೋಡುತ್ತ ತೂಕಡಿಸಿದ.

ಪ್ರೊಜೆಕ್ಟರ್ ನಡೆಸುವ ಹುಡುಗ ಆಮೇಲೆ ಹೇಳಿದ:
ಒಂದು ಚಿತ್ರಕ್ಕೂ ಇನ್ನೊಂದಕ್ಕೂ ನಡುವೆ ಒಂದು ತಟ್ಟೆ ಅಡ್ಡ ಬಂದು
ಬೆಳಕು ಮುಚ್ಚುತ್ತದೆ. ಹನ್ನೊಂದರಲ್ಲಿ ಐದಾರು ನಿಮಿಷ
ನಿಮ್ಮೆದುರು ಇದ್ದದ್ದು ಕತ್ತಲೆಯೇ.
ನಾವು ಒಬ್ಬರೂ ಕತ್ತಲೆ ಕಂಡಿರಲಿಲ್ಲ.
ಹಾಗಾದರೆ ಆ ಐದಾರು ನಿಮಿಷ
ನನ್ನ ಕುರ್ಚಿಯಲ್ಲಿ ಕೂತದ್ದು ಯಾರು?
ಹರಕು ಬೆಳಕನ್ನು ಹೊಲಿಗೆ ಕಾಣದಂತೆ ಹೊಲಿದು
ಇಗೋ ರೆಪ್ಪೆ, ಇಗೋ ವಿಲ್ಫ್ ಎಂದು
ನನ್ನ ಕೈಗಿತ್ತದ್ದು?
ನಾಲ್ಕು ನನ್ನದಿರಬಹುದು.

ರಾತ್ರಿಯ ಬಸ್ಸು. ಕಂಬ ಹಿಡಿದು ನಿಂತಿದ್ದೆ,
ಗಾಜಿನಾಚೆ ಹಂಬರ್ ನದಿ, ಅದರೊಳಗೆ ಸೇತುವೆಯ ಕೆಂಪು ದೀಪ.
ಸುಮ್ಮನೆ ಕಂಬದ ಮೇಲಿನ ಬೆರಳು ಎಣಿಸಿದೆ.
ಐದು.
ವಿಲ್ಫನ ಲೆಕ್ಕ ಹಿಡಿದರೆ...
ಮುಂದಿನ ಸ್ಟಾಪಿಗೆ ಗುಂಡಿ ಒತ್ತಿದೆ.
ಗಂಟೆ ಕೇಳಿಸಿತು.
ದೀಪ ಹತ್ತಲಿಲ್ಲ.